'ನನ್ನ ನೋಡು' ಎನ್ನುವ ಪ್ರಾಣಿಗಳು

ನಾನು ಪಶುವೈದ್ಯೆಯಾಗಿ ಕೆಲಸಕ್ಕೆ ಸೇರಿದ ಕಾಲದಲ್ಲಿ ನಾಯಿಯನ್ನು ನಮ್ಮ ಆಸ್ಪತ್ರೆಗೆ ತರುತ್ತಿದ್ದದ್ದು ಹುಚ್ಚುನಾಯಿ ರೋಗದ ಲಸಿಕೆಗೆ, ಇಲ್ಲವೇ ಕಾಡುಹಂದಿ ಸೀಳಿದ ಹೊಟ್ಟೆಗೆ ಹೊಲಿಗೆ ಹಾಕಿಸಲಿಕ್ಕೆ. ಬೆಕ್ಕನ್ನಂತೂ ಯಾರೂ ತರುತ್ತಲೇ ಇರಲಿಲ್ಲ. ಹಸು, ಎಮ್ಮೆ, ಕುರಿ, ಮೇಕೆ ಇವುಗಳ ನಡುವೆಯೇ ದಿನ ಮುಗಿಯುತ್ತಿತ್ತು. ಯಳಂದೂರು, ಹನೂರು, ಕೊಳ್ಳೇಗಾಲ ಈ ಮೂರು ತಾಲ್ಲೂಕುಗಳಲ್ಲೇ ನನ್ನ ಸರ್ವಿಸಿನ ಬಹುಪಾಲು ಕಳೆಯಿತು. ಕೊನೆಯ ವರ್ಷಗಳಿಗೆ ಬರುವ ಹೊತ್ತಿಗೆ ಜನ ನಾಯಿಯನ್ನು ತೊಡೆಯ ಮೇಲೆ ಕೂರಿಸಿಕೊಂಡು ಆಟೋದಲ್ಲಿ ಬರತೊಡಗಿದರು. ಅವರ ದೂರೂ ಹೊಸದಾಗಿತ್ತು. ಜ್ವರವಿಲ್ಲ, ಭೇದಿಯಿಲ್ಲ, ತಿನ್ನುವುದರಲ್ಲಿ ಕಡಿಮೆಯಿಲ್ಲ; ಆದರೆ ನಾವು ಫೋನ್ ಹಿಡಿದರೆ ಬೊಗಳುತ್ತದೆ, ನೆಂಟರು ಬಂದು ಕೂತರೆ ಚಪ್ಪಲಿ ಕಚ್ಚಿಕೊಂಡು ಓಡುತ್ತದೆ, ಊಟಕ್ಕೆ ಕೂತರೆ ಕೈಯನ್ನು ಕೆರೆಯುತ್ತದೆ. ಇದಕ್ಕೇನಾದರೂ ಔಷಧಿ ಕೊಡಿ.

ಕಾಲೇಜಿನಲ್ಲಿ ನಮಗೆ ಹಸುವಿನ ನಾಲ್ಕು ಹೊಟ್ಟೆಗಳ ಬಗ್ಗೆ ಕಲಿಸಿದಷ್ಟು ವಿವರವಾಗಿ ನಾಯಿಯ ಮನಸ್ಸಿನ ಬಗ್ಗೆ ಯಾರೂ ಕಲಿಸಿರಲಿಲ್ಲ. ಈಗ ಕೆಲಸಕ್ಕೆ ಸೇರುತ್ತಿರುವ ಹುಡುಗ ಹುಡುಗಿಯರು ನನಗೆ ಫೋನ್ ಮಾಡಿ ಇದನ್ನೇ ಕೇಳುತ್ತಾರೆ. ನನ್ನ ಹತ್ತಿರ ಇಂಜೆಕ್ಷನ್ ಇಲ್ಲ. ಕಂಡದ್ದು, ಎಡವಿದ್ದು ಇವೆ. ಅವನ್ನು ಹೇಳುತ್ತೇನೆ.

ಮೊದಲ ಪಾಠ ಆದದ್ದು ಯಳಂದೂರು ತಾಲ್ಲೂಕಿನ ಹೊನ್ನೂರಿನಲ್ಲಿ, ಮಲ್ಲಪ್ಪ ಎಂಬ ರೈತರ ಮನೆಯಲ್ಲಿ. ಗದ್ದೆ, ಕಬ್ಬು, ತೆಂಗು ಇದ್ದ ಅನುಕೂಲಸ್ಥರು. ಅವರ ನಾಯಿ ಭೀಮನ ಎಡಗಾಲು ಟ್ರ್ಯಾಕ್ಟರಿನ ಟ್ರೈಲರಿಗೆ ಸಿಕ್ಕಿ ಮುರಿದಿತ್ತು. ಬಿದಿರಿನ ದಬ್ಬೆ ಕಟ್ಟಿ ಕೂಡಿಸಿದ್ದೆ. ಚೆನ್ನಾಗಿಯೇ ಕೂಡಿಕೊಂಡಿತು. ಕೆಲವು ತಿಂಗಳು ಕಳೆದ ಮೇಲೆ ಅವರು ಮತ್ತೆ ಹೇಳಿ ಕಳಿಸಿದರು: ಕಾಲು ನೋವು ತಿರುಗಿ ಬಂದಿದೆ, ಭೀಮ ಕುಂಟುತ್ತಾನೆ. ಹೋಗಿ ನೋಡಿದೆ. ನಿಜವಾಗಿಯೂ ಕುಂಟುತ್ತಿದ್ದ. ನೋವಿಗೆ ಮಾತ್ರೆ ಕೊಟ್ಟು ಬಂದೆ. ಮತ್ತೆ ಕರೆ ಬಂತು, ಮತ್ತೆ ಮಾತ್ರೆ ಕೊಟ್ಟೆ. ಮೂರನೇ ಸಲ ಹೋದಾಗ ಮಲ್ಲಪ್ಪನವರ ಹೆಂಡತಿ ಗೌರಮ್ಮ ಅಡುಗೆಮನೆಯಲ್ಲಿ ಕಾಫಿ ಕಾಯಿಸುತ್ತ, ನನ್ನನ್ನು ಅಲ್ಲೇ ಮಣೆ ಹಾಕಿ ಕೂರಿಸಿದರು. ಹಿಂದಿನ ಕಿಟಕಿಯಿಂದ ತೋಟ ಕಾಣುತ್ತಿತ್ತು. ತೆಂಗಿನ ಮರದಿಂದ ಇಳಿದ ಕೋತಿಯೊಂದನ್ನು ಭೀಮ ಅಟ್ಟಿಸಿಕೊಂಡು ಹೋದ. ನಾಲ್ಕೂ ಕಾಲಿನಲ್ಲಿ, ಕುದುರೆಯ ಹಾಗೆ. ಅದೇ ಭೀಮ ಹಿತ್ತಲ ಬಾಗಿಲಿಗೆ ಬಂದು ಗೌರಮ್ಮನನ್ನು ಕಂಡ ಕೂಡಲೇ ಕಾಲೆತ್ತಿದ. ಆಗ ಸರಿಯಾಗಿ ನೋಡಿದೆ. ಎತ್ತಿದ್ದು ಬಲಗಾಲು. ಮುರಿದದ್ದು ಎಡಗಾಲಾಗಿತ್ತು.

ಮಲ್ಲಪ್ಪನವರಿಗೆ ಹೇಳಿದಾಗ ಅವರು ಮೂಲೆಯಲ್ಲಿದ್ದ ಬೆತ್ತಕ್ಕೆ ಕೈ ಹಾಕಿದರು. ಮನೆಯ ಅನ್ನ ತಿಂದು ಮನೆಯವರಿಗೇ ನಾಟಕ ಆಡುತ್ತದಲ್ಲ ಎಂದು ಅವರಿಗೆ ಸಿಟ್ಟು. ನಾನು ತಡೆದೆ. ಅದು ನಾಟಕವಲ್ಲ. ಕಾಲು ಮುರಿದಿದ್ದಾಗ ಮನೆಯವರೆಲ್ಲ ಅದರ ಸುತ್ತ ಕೂತು ಕೈತುತ್ತು ಕೊಟ್ಟಿದ್ದರು, ತಲೆ ಸವರಿದ್ದರು. ಕಾಲು ನೆಟ್ಟಗಾದ ಮೇಲೆ ಅವರವರ ಕೆಲಸಕ್ಕೆ ಅವರವರು ಹೋದರು. ಕಾಲೆತ್ತಿದರೆ ಕೈ ಬರುತ್ತದೆ ಎಂದು ಅದಕ್ಕೆ ಕಲಿಸಿದವರು ನಾವೇ. ಹೊಡೆದರೂ ಅದು ಒಂದು ಬಗೆಯ ಗಮನವೇ. ಯಾರೂ ನೋಡದಿರುವುದಕ್ಕಿಂತ ಏಟೇ ವಾಸಿ ಎಂದುಕೊಳ್ಳುವ ನಾಯಿಗಳಿವೆ. ಆದ್ದರಿಂದ ಕಾಲೆತ್ತಿದಾಗ ಸುಮ್ಮನೆ ಬೇರೆ ಕಡೆ ತಿರುಗಿಕೊಳ್ಳಿ, ನೆಟ್ಟಗೆ ನಡೆದುಕೊಂಡು ಬಂದಾಗ ತಲೆ ಸವರಿ ಎಂದೆ.

ಗೌರಮ್ಮನಿಗೆ ಇದು ಕಷ್ಟವಾಯಿತು. "ಕಾಲೆತ್ಕಂಡು ನಿಂತಿರದ ನೋಡ್ಕಂಡು ಮೊಕ ತಿರುಗ್ಸದು ಎಂಗವ್ವ?" ಎಂದರು. ಆದರೂ ಮಾಡಿದರು. ಭೀಮ ಕುಂಟುವುದನ್ನು ಬಿಟ್ಟ. ಆಮೇಲೆ ಮಲ್ಲಪ್ಪನವರಿಗೇ ಅದು ಬೇಕೆನಿಸಿತಂತೆ. ನೆಂಟರು ಬಂದಾಗ ಕಥೆಯನ್ನೆಲ್ಲ ಹೇಳಿ, "ಎಲ್ಲಿ ಭೀಮ, ಒಂದ್ಸಲ ಕುಂಟ್ಲಾ" ಎನ್ನುತ್ತಿದ್ದರಂತೆ. ಭೀಮ ಕುಂಟುತ್ತಿರಲಿಲ್ಲ.

ಪ್ರಾಣಿಯನ್ನು ಅದಕ್ಕೆ ಗೊತ್ತಾಗದ ಹಾಗೆ ನೋಡುವುದನ್ನು ನಾನು ಆ ಕಿಟಕಿಯಿಂದ ಕಲಿತೆ. ಪರೀಕ್ಷೆಯ ಮೇಜಿನ ಮೇಲೆ ಕಾಣದ್ದು ಹಿತ್ತಲಲ್ಲಿ ಕಾಣುತ್ತದೆ.

ಕೊಳ್ಳೇಗಾಲಕ್ಕೆ ಬಂದ ಮೇಲೆ ಇಂಥ ಕೇಸುಗಳು ಹೆಚ್ಚಿದವು. ಆಗ ನನ್ನ ಮೇಲಧಿಕಾರಿಯಾಗಿದ್ದವರು ಡಾಕ್ಟರ್ ಗುರುಸಿದ್ದಪ್ಪ. ಹೊಗಳಿಕೆಯ ಮಾತು ಅವರ ಬಾಯಿಂದ ಬಂದದ್ದನ್ನು ಯಾರೂ ಕೇಳಿದವರಿಲ್ಲ. ಹಾಲು ಎಷ್ಟು, ಲಸಿಕೆ ಎಷ್ಟು, ಕರು ಎಷ್ಟು ಎಂದು ತಿಂಗಳಿಗೊಮ್ಮೆ ಕಳಿಸುವ ವರದಿಯಲ್ಲಿ ಬೊಗಳುವ ನಾಯಿಗೆ ಕಾಲಮ್ಮೇ ಇಲ್ಲವಲ್ಲಮ್ಮ ಎಂದು ನನ್ನನ್ನು ಛೇಡಿಸುತ್ತಿದ್ದರು. ಒಂದು ಬೆಳಿಗ್ಗೆ ಅವರು ತಪಾಸಣೆಗೆಂದು ಬಂದು ನನ್ನ ಎದುರಿನ ಕುರ್ಚಿಯಲ್ಲಿ ಕೂತಿದ್ದರು. ಆಗ ರೇಷ್ಮೆ ಅಂಗಡಿಯೊಂದರಲ್ಲಿ ಕೆಲಸ ಮಾಡುತ್ತಿದ್ದ ವನಜಾಕ್ಷಿ ಎಂಬವರು ಬುಟ್ಟಿಯಲ್ಲಿ ಗಂಡು ಬೆಕ್ಕೊಂದನ್ನು ತಂದರು. ಮೊದಲಿನಿಂದಲೂ ಮುದ್ದು ಬೇಡುವ ಬೆಕ್ಕು. ಈಗ ಬಚ್ಚಲುಮನೆಯಲ್ಲಿ ಕೂತು ಒಂದೇ ಸಮನೆ ಅರಚುತ್ತದೆ. ಹೀಗೆ ಅರಚುವ ಬೆಕ್ಕನ್ನು ಗಮನಿಸಬಾರದು, ಗಮನಿಸಿದರೆ ಹೆಚ್ಚಾಗುತ್ತದೆ ಎಂದು ಫೋನಿನಲ್ಲಿ ವಿಡಿಯೋ ನೋಡಿದ್ದರು. ಹಿಂದಿನ ದಿನದಿಂದ ಬಾಗಿಲು ಮುಚ್ಚಿ ಸುಮ್ಮನಿದ್ದರು. ಇನ್ನೂ ಎಷ್ಟು ದಿನ ಸುಮ್ಮನಿರಬೇಕು ಎಂದು ಕೇಳಲು ಬಂದಿದ್ದರು.

ನಾನು ಉತ್ತರ ಹೇಳಲು ಬಾಯಿ ತೆರೆದಿದ್ದೆ. ಅಷ್ಟರಲ್ಲಿ ಗುರುಸಿದ್ದಪ್ಪನವರು ಕೂತಲ್ಲಿಂದಲೇ ಬುಟ್ಟಿಯೊಳಕ್ಕೆ ಕೈ ಇಳಿಬಿಟ್ಟು ಬೆಕ್ಕಿನ ಹೊಟ್ಟೆಯನ್ನು ಒತ್ತಿ ನೋಡಿದರು. ಅವರ ಮುಖ ಗಂಭೀರವಾಯಿತು. ನನ್ನ ಕೈಯನ್ನು ಹಿಡಿದು ಅಲ್ಲಿಟ್ಟರು. ಮೂತ್ರಕೋಶ ನಿಂಬೆಹಣ್ಣಿನ ಹಾಗೆ ಗಟ್ಟಿಯಾಗಿ ಬಿಗಿದಿತ್ತು. ಮೂತ್ರ ಕಟ್ಟಿಕೊಂಡಿತ್ತು. ಗಂಡು ಬೆಕ್ಕುಗಳಲ್ಲಿ ಇದು ಆಗುತ್ತದೆ. ಸ್ವಲ್ಪ ತಡವಾದರೆ ಜೀವವೇ ಹೋಗುತ್ತದೆ. ಇಬ್ಬರೂ ಸೇರಿ ಸಣ್ಣ ಕೊಳವೆ ಹಾಕಿ ತೆಗೆದೆವು. ರಕ್ತ ಬೆರೆತ ಮೂತ್ರ ಹರಿದ ಮೇಲೆ ಬೆಕ್ಕು ಅರಚುವುದನ್ನು ನಿಲ್ಲಿಸಿ, ತಲೆಯನ್ನು ನನ್ನ ಮುಂಗೈ ಮೇಲೆ ಇಟ್ಟು ಮಲಗಿತು.

ವನಜಾಕ್ಷಿ ಗೋಡೆಗೆ ಒರಗಿ ನಿಂತಿದ್ದರು. "ಅದು ಕರೀತಾನೇ ಇತ್ತು ಸಾ. ನಾನು ಟೀವಿ ಸೌಂಡ್ ಜಾಸ್ತಿ ಮಾಡ್ಕಂಡು ಕೂತಿದ್ದೆ" ಎಂದರು. ಗುರುಸಿದ್ದಪ್ಪನವರು ಅವರನ್ನು ಬೈಯಲಿಲ್ಲ. ಕೈ ತೊಳೆಯುತ್ತ ನನಗೆ ಹೇಳಿದರು: "ಮೊದಲು ಮುಟ್ಟಮ್ಮ, ಆಮೇಲೆ ಮಾತಾಡು." ಹೊಸಬರು ಈ ಬರಹದಲ್ಲಿ ಉಳಿದದ್ದನ್ನೆಲ್ಲ ಮರೆತರೂ ಚಿಂತೆಯಿಲ್ಲ, ಈ ಒಂದು ಮಾತು ನೆನಪಿರಲಿ. ಇದ್ದಕ್ಕಿದ್ದ ಹಾಗೆ ಸ್ವಭಾವ ಬದಲಾಯಿಸಿದ ಪ್ರಾಣಿ ಮುದ್ದಿಗೆ ಕರೆಯುತ್ತಿದೆಯೋ ನೋವಿಗೆ ಕರೆಯುತ್ತಿದೆಯೋ ಎನ್ನುವುದು ಕೈಯಿಟ್ಟು ನೋಡದೆ ಗೊತ್ತಾಗುವುದಿಲ್ಲ.

ಇನ್ನೊಂದು ಸಂಗತಿಯನ್ನು ನಾನು ಕಂಡದ್ದು ಒಡೆಯರಪಾಳ್ಯದ ಟಿಬೆಟನ್ನರ ಕ್ಯಾಂಪಿನಲ್ಲಿ. ಅಲ್ಲಿನ ಡೋಲ್ಮಾ ಎಂಬ ಹಿರಿಯ ಹೆಂಗಸಿಗೆ ಕಣ್ಣೇ ಕಾಣದಷ್ಟು ಕೂದಲಿನ ಪುಟ್ಟ ನಾಯಿಯೊಂದಿತ್ತು. ಅವರು ಜಪಮಾಲೆ ಹಿಡಿದು ಕೂತರೆ ಸಾಕು, ಬೊಗಳಲು ಶುರು. ಅವರು ಜಪ ನಿಲ್ಲಿಸಿ ಗದರುತ್ತಿದ್ದರು. ನಾಯಿಗೆ ಬೇಕಾಗಿದ್ದೂ ಅದೇ. ಪರೀಕ್ಷಿಸಿ ನೋಡಿದೆ, ರೋಗವೇನೂ ಇರಲಿಲ್ಲ. ಗದರಬೇಡಿ, ನೋಡಬೇಡಿ, ಜಪ ಮುಗಿಸಿ, ಮುಗಿದ ಮೇಲೆ ಕರೆದು ಮಾತಾಡಿಸಿ ಎಂದು ಹೇಳಿ ಬಂದೆ. ಮುಂದಿನ ವಾರ ಅವರ ಪಕ್ಕದ ಮನೆಯವರು ಬಂದು, ಬೊಗಳುವುದು ಎರಡರಷ್ಟಾಗಿದೆ, ಕಂಬಳಿಯ ಅಂಚನ್ನೂ ಹರಿದು ಹಾಕಿದೆ ಎಂದರು. ನನಗೆ ಅಳುಕಾಯಿತು. ಹೋಗಿ ನೋಡಿದರೆ ಡೋಲ್ಮಾ ಹರಿದ ಕಂಬಳಿಯ ಮೇಲೆಯೇ ಕೂತು ಮಣಿ ಎಣಿಸುತ್ತಿದ್ದರು. ನಾಯಿ ಬೊಗಳಿ ಬೊಗಳಿ, ಬಾಗಿಲವರೆಗೆ ಹೋಗಿ, ತಿರುಗಿ ಬಂದು, ಕೊನೆಗೆ ಅವರ ಪಾದದ ಹತ್ತಿರ ಮಲಗಿಕೊಂಡಿತು. ಜಪ ಮುಗಿಸಿ ಅದನ್ನು ಎತ್ತಿಕೊಂಡು ಅವರು ತಮ್ಮ ಕನ್ನಡದಲ್ಲಿ ಹೇಳಿದರು: "ಇದು ಸೋತಿಲ್ಲ ಡಾಕ್ಟ್ರೇ, ನಾನೂ ಗೆದ್ದಿಲ್ಲ. ಇಬ್ರಿಗೂ ಜಗಳ ಬೇಜಾರಾಯ್ತು."

ಕಡಿಮೆಯಾಗುವ ಮುಂಚೆ ಹೆಚ್ಚಾಗುತ್ತದೆ. ಇದುವರೆಗೆ ತೆರೆಯುತ್ತಿದ್ದ ಬಾಗಿಲು ಇವತ್ತು ತೆರೆಯದಿದ್ದರೆ ನಾವೂ ಜೋರಾಗಿಯೇ ಬಡಿಯುತ್ತೇವಲ್ಲ. ಹೆಚ್ಚಿನ ಮನೆಗಳವರು ಆ ಜೋರಿಗೆ ಹೆದರಿ ಬಾಗಿಲು ತೆಗೆದುಬಿಡುತ್ತಾರೆ. ಆಗ ನಾಯಿ ಜೋರಾಗಿ ಬಡಿಯುವುದನ್ನೇ ಕಲಿಯುತ್ತದೆ.

ಇಷ್ಟೆಲ್ಲ ಕಲಿತಿದ್ದೇನೆ ಎಂದುಕೊಂಡು ಹನೂರಿಗೆ ಬಂದೆ. ನಿವೃತ್ತಿಗೆ ಕೆಲವೇ ವರ್ಷ ಉಳಿದಿದ್ದವು. ಅಲ್ಲಿಯ ಒಂದು ಕೇಸನ್ನು ಹೇಳಿ ಮುಗಿಸುತ್ತೇನೆ.

ನಂಜುಂಡ ಎಂಬ ಗೂಡ್ಸ್ ಆಟೋದವನು ಒಂದು ಮಧ್ಯಾಹ್ನ ಆಸ್ಪತ್ರೆಯ ಮುಂದೆ ಗಾಡಿ ನಿಲ್ಲಿಸಿದ. ಹಿಂದೆ ಕಂಬಿಗೆ ಕಟ್ಟಿದ ಕಂದು ಬಣ್ಣದ ನಾಟಿ ನಾಯಿ, ಬಾಯಿಗೆ ಟವೆಲ್ ಬಿಗಿದಿತ್ತು. ನಾಯಿಗೆ ಮಂಪರು ಬರುವ ಇಂಜೆಕ್ಷನ್ ಬೇಕೆಂದು ಕೇಳಿದ. ಯಾಕೆ ಎಂದೆ. "ಬೆಟ್ಟದ ರೋಡ್ನಲ್ಲಿ ಬುಟ್ಬುಟ್ಟು ಬತ್ತೀನಿ ಮೇಡಂ. ಎಚ್ರ ಇದ್ರೆ ವಾಪಸ್ ಓಡ್ಬತ್ತದೆ" ಎಂದ. ಆ ದಾರಿಯಲ್ಲಿ ಬಿಟ್ಟ ನಾಯಿ ಚಿರತೆಯ ಬಾಯಿಗೆ ಹೋಗುತ್ತದೆ ಎಂಬುದು ಅವನಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು. ಆಗುವುದಿಲ್ಲ ಎಂದೆ. ಅವನು ದುಷ್ಟನಲ್ಲ. ಕಾರಣ ಹೇಳಿದ. ನಾಯಿ ಅವನ ಅಕ್ಕ ಮಹದೇವಮ್ಮನ ಮನೆಯದು. ಭಾವ ಬಸವರಾಜು ಬೆಟ್ಟದ ದಾರಿಯಲ್ಲಿ ಬಸ್ ಓಡಿಸುತ್ತಿದ್ದವರು. ಲಕ್ವ ಹೊಡೆದು ಬಲಭಾಗ ಬಿದ್ದುಹೋಗಿದೆ, ಮಾತೂ ನಿಂತಿದೆ. ಈ ನಾಯಿ ಹೊತ್ತು ಮೂಡಿದರೆ ಅವರ ಮುಂದೆ ನಿಂತು ಬೊಗಳುತ್ತದೆ. ನಿನ್ನೆ ಮೈಮೇಲೆ ಹಾರಿ ಕುರ್ಚಿಯಿಂದ ಕೆಡವಿದೆ. ಹುಬ್ಬು ಸೀಳಿ ಹೊಲಿಗೆ ಬಿದ್ದಿದೆ. ಅಕ್ಕ ನಿದ್ದೆಯಿಲ್ಲದೆ ಸೊರಗಿಹೋಗಿದ್ದಾಳೆ.

ಬಿಡುವ ಮುಂಚೆ ಮನೆಯನ್ನೊಮ್ಮೆ ನೋಡುತ್ತೇನೆ ಎಂದು ಅವನ ಆಟೋದಲ್ಲೇ ಹೊರಟೆ. 

ಮನೆಯ ಜಗಲಿಯ ಮೇಲೆ ಕೈಯಿರುವ ಪ್ಲಾಸ್ಟಿಕ್ ಕುರ್ಚಿಯಲ್ಲಿ ಬಸವರಾಜು ಕೂತಿದ್ದರು. ದಪ್ಪ ಮೈಕಟ್ಟಿನ ಮನುಷ್ಯ. ಬಲಗೈ ತೊಡೆಯ ಮೇಲೆ ಯಾರೋ ಇಟ್ಟುಹೋದ ಸಾಮಾನಿನ ಹಾಗೆ ಬಿದ್ದಿತ್ತು. ಎಡಗೈಯಲ್ಲಿ ಸ್ಟೀಲ್ ಲೋಟ. ಏನಾದರೂ ಬೇಕಾದರೆ ಅದನ್ನು ಕುರ್ಚಿಗೆ ಬಡಿಯುತ್ತಿದ್ದರು. ಬಡಿದ ಕೂಡಲೇ ಮಹದೇವಮ್ಮ ಒಳಗಿಂದ ಓಡಿ ಬರುತ್ತಿದ್ದರು. ನಾಯಿಯ ಕಟ್ಟು ಬಿಚ್ಚಿದ ತಕ್ಷಣ ಅದು ಹೋಗಿ ಕುರ್ಚಿಯ ಮುಂದೆ ನಿಂತು ಬೊಗಳತೊಡಗಿತು. ಅದರ ಹೆಸರು ಮಣಿ. ಬಸ್ಸು ಮಾರ್ಟಳ್ಳಿಯಲ್ಲಿ ನಿಂತಾಗ ಅಲ್ಲಿಯ ಟೀ ಅಂಗಡಿಯಿಂದ ಅದು ಮರಿಯಾಗಿದ್ದಾಗಲೇ ಬಸವರಾಜು ತಂದಿದ್ದು. ಡ್ಯೂಟಿ ಮುಗಿಸಿ ಬಂದ ಕೂಡಲೇ ಅವರು ಬಲಗೈಯಿಂದ ಅದರ ಕಿವಿ ಹಿಂಡಿ ಆಟವಾಡಿಸುತ್ತಿದ್ದರಂತೆ. ಆ ಕೈಯೇ ಈಗ ಏಳುವುದಿಲ್ಲ. ಮಣಿ ಅದನ್ನು ಮೂಗಿನಿಂದ ತಳ್ಳಿ, ಕಾಲಿನಿಂದ ಕೆರೆದು, ಬೊಗಳಿ, ಮತ್ತೆ ತಳ್ಳಿ ನೋಡುತ್ತಿತ್ತು.

ಮೊದಲು ಅದನ್ನು ಮುಟ್ಟಿ ನೋಡಿದೆ. ಕಿವಿ, ಹಲ್ಲು, ಹೊಟ್ಟೆ, ಕಾಲು ಎಲ್ಲ ಸರಿಯಿದ್ದವು. ದೀಪಾವಳಿಯವರೆಗೆ ಸಮಯ ಕೊಡು ಎಂದು ನಂಜುಂಡನನ್ನು ಕೇಳಿದೆ. ಅವನು ಅಕ್ಕನ ಮುಖ ನೋಡಿ ಒಪ್ಪಿದ. ಮಹದೇವಮ್ಮನಿಗೆ ನನ್ನ ಎಂದಿನ ವಿಧಾನವನ್ನು ವಿವರಿಸಿದೆ. ಬೊಗಳಿದಾಗ ಯಾರೂ ಗದರಬಾರದು, ತಿನ್ನಲು ಕೊಡಬಾರದು, ಬೆನ್ನು ತಿರುಗಿಸಿ. ಸುಮ್ಮನಾದ ಕೂಡಲೇ ಹೋಗಿ ಸವರಿ. ಮೊದಲು ಹೆಚ್ಚಾಗುತ್ತದೆ, ಧೃತಿಗೆಡಬೇಡಿ.

ಹೆಚ್ಚಾಯಿತು. ಹೆಚ್ಚಾಗುತ್ತಲೇ ಹೋಯಿತು. ಒಡೆಯರಪಾಳ್ಯದ ಅನುಭವ ನೆನೆದು ತಾಳಿ ಎನ್ನುತ್ತಿದ್ದೆ. ಆದರೆ ಮಹದೇವಮ್ಮನ ಕಣ್ಣು ನೋಡಿದರೆ ನನಗೇ ಹೇಳಲು ಬಾಯಿ ಬರುತ್ತಿರಲಿಲ್ಲ. ಎಲ್ಲೋ ಏನೋ ತಪ್ಪುತ್ತಿದೆ ಎನಿಸಿ ಒಂದು ಬೆಳಿಗ್ಗೆ ಹೇಳದೆ ಕೇಳದೆ ಹೋದೆ. ಎದುರುಮನೆಯ ಹುಣಸೆಮರದ ಪಕ್ಕದಲ್ಲಿ ನಿಂತು ನೋಡಿದೆ. ಮಣಿ ಬೊಗಳಿತು. ಬಸವರಾಜು ಒಳಗಡೆ ಒಮ್ಮೆ ನೋಡಿ, ತೊಡೆಯ ಮೇಲಿನ ಟವೆಲ್ ಕೆಳಗಿಂದ ಇಡ್ಲಿಯ ಚೂರೊಂದನ್ನು ತೆಗೆದು ಹಾಕಿದರು. ಅದು ತಿಂದು ಇನ್ನೂ ಜೋರಾಗಿ ಬೊಗಳಿತು. ಅವರು ಇನ್ನೊಂದು ಚೂರು ಹಾಕಿದರು. ಮುಖದ ಅರ್ಧ ಭಾಗ ನಗುತ್ತಿತ್ತು. ಒಳಗೆ ಮಹದೇವಮ್ಮ ಕೆಲಸ ಮಾಡುತ್ತಿದ್ದ ಪಾತ್ರೆಯ ಸದ್ದು ಕೇಳುತ್ತಿತ್ತು.

ಆಗ ನನಗೆ ಹೊಳೆದದ್ದು ಇಷ್ಟು. ನಾನು ಹೆಂಡತಿಯನ್ನು ಕೇಳಿದ್ದೆ, ಬಾಮೈದನನ್ನು ಕೇಳಿದ್ದೆ, ನಾಯಿಯನ್ನೂ ಪರೀಕ್ಷಿಸಿದ್ದೆ. ಕುರ್ಚಿಯಲ್ಲಿ ಕೂತ ಮನುಷ್ಯನನ್ನು ಯಾರೂ ಏನೂ ಕೇಳಿರಲಿಲ್ಲ. ಲಕ್ವ ಹೊಡೆದ ಮೇಲೆ ಊರಿನವರೆಲ್ಲ ಅವರ ತಲೆಯ ಮೇಲಿಂದ ಮಹದೇವಮ್ಮನ ಜೊತೆ ಮಾತಾಡುತ್ತಿದ್ದರು. ಊಟ ಮಾಡಿದರಾ, ಮಾತ್ರೆ ತಗೊಂಡರಾ ಎಂದು ಅವರ ಎದುರಿಗೇ ಬೇರೆಯವರನ್ನು ಕೇಳುತ್ತಿದ್ದರು. ನೇರವಾಗಿ ಅವರ ಮುಂದೆ ನಿಂತು, ನೀನು ಏಳು, ನನ್ನ ಕಿವಿ ಹಿಂಡು ಎಂದು ಹಟ ಮಾಡುತ್ತಿದ್ದದ್ದು ಮಣಿ ಒಂದೇ.

ಹೋಗಿ ಜಗಲಿಯ ಮೇಲೆ ಅವರ ಎದುರಿಗೆ ಕೂತೆ. "ಮಣಿ ಬೊಗಳಿದರೆ ನಿಮಗೆ ಇಷ್ಟವಾ?" ಎಂದು ಕೇಳಿದೆ.

ಅವರು ನನ್ನನ್ನು ಬಹಳ ಹೊತ್ತು ನೋಡಿದರು. ಆಮೇಲೆ ತಲೆಯಾಡಿಸಿದರು. ಹೌದು.

ಮಹದೇವಮ್ಮ ಕೈ ಒರೆಸಿಕೊಳ್ಳುತ್ತ ಬಾಗಿಲಿಗೆ ಬಂದು ನಿಂತಿದ್ದರು. "ನನ್ಗೊತ್ತೇ ಇರ್ನಿಲ್ಲ" ಎಂದಷ್ಟೇ ಹೇಳಿದರು.

ಇನ್ನೊಂದು ವಿಷಯವೂ ಆಗ ಗೊತ್ತಾಯಿತು. ನಾಯಿಯನ್ನು ಬೆಟ್ಟದ ದಾರಿಯಲ್ಲಿ ಬಿಡುವ ಮಾತನ್ನು ಅವರಿಗೆ ಯಾರೂ ಹೇಳಿರಲಿಲ್ಲ. ನಾನು ಹೇಳಿದೆ. ಎಷ್ಟೋ ವರ್ಷ ಅದೇ ದಾರಿಯಲ್ಲಿ ಬಸ್ ಓಡಿಸಿದವರು. ಅಲ್ಲಿ ಬಿಟ್ಟ ನಾಯಿಗಳ ಗತಿ ಅವರಿಗಿಂತ ಚೆನ್ನಾಗಿ ಗೊತ್ತಿದ್ದವರಿಲ್ಲ. ಲೋಟ ಕೆಳಗೆ ಬಿತ್ತು. ಎಡಗೈಯಿಂದ ನನ್ನ ಮಣಿಕಟ್ಟನ್ನು ಹಿಡಿದುಕೊಂಡರು. ಆ ಕೈಯಲ್ಲಿ ಸ್ಟೀರಿಂಗ್ ಹಿಡಿದ ಬಲ ಇನ್ನೂ ಇತ್ತು.

ಇದನ್ನು ಉಳಿಸಿಕೊಳ್ಳುವುದು ನಿಮ್ಮೊಬ್ಬರ ಕೈಯಲ್ಲೇ ಇದೆ ಎಂದೆ. ಅದಕ್ಕೆ ಬೇಕಾಗಿರುವವರು ನೀವು. ಬೊಗಳಿದಾಗ ಮುಷ್ಟಿ ಮುಚ್ಚಿ, ಸುಮ್ಮನೆ ಕೂತಾಗ ಬಿಚ್ಚಿ. ಇಡ್ಲಿಯನ್ನು ಕದ್ದು ಕೊಡುವುದು ಬೇಡ, ಎಲ್ಲರೆದುರಿಗೇ ಕೊಡಿ. ಅವರು ಒಪ್ಪಿದರು.

ನಾನೇ ತೋರಿಸಲು ಹೋಗಿ ಮಣಿಗೆ "ಕೂತ್ಕೋ" ಎಂದೆ. ಅದು ನನ್ನನ್ನು ನೋಡಿ ಬಾಲ ಅಲ್ಲಾಡಿಸಿತೇ ಹೊರತು ಕೂರಲಿಲ್ಲ. ಎಷ್ಟು ಸಲ ಹೇಳಿದರೂ ಅಷ್ಟೇ. ಆಗ ಮಹದೇವಮ್ಮ ಸೆರಗನ್ನು ಬಾಯಿಗೆ ಅಡ್ಡ ಹಿಡಿದು ನಕ್ಕರು. ಅವರು ನಕ್ಕದ್ದನ್ನು ನಾನು ನೋಡಿದ್ದು ಅದೇ ಮೊದಲು. "ಅದು ಮಾರ್ಟಳ್ಳಿದು ಕಣವ್ವ, ತಮಿಳ್ರ ಊರು. ಇವ್ರು ಅದ್ರ ಜೊತೆ ಆಡ್ತಿದ್ದದ್ದೆಲ್ಲ ತಮಿಳೇಯ" ಎಂದು, ನಾಚಿಕೊಂಡು "ಉಕ್ಕಾರು" ಎಂದರು. ಮಣಿ ತಟ್ಟನೆ ಕೂತಿತು. ಬಸವರಾಜು ಆ ಮಾತನ್ನು ಹೇಳಲು ಪ್ರಯತ್ನಿಸಿದರು, ಬರಲಿಲ್ಲ. ಹೋಗಲಿ, ಅಂಗೈಯನ್ನು ಕೆಳಮುಖ ಮಾಡಿ ಒತ್ತಿದ ಹಾಗೆ ತೋರಿಸಿ ಎಂದೆ. ಹೆಂಡತಿ ಬಾಯಲ್ಲಿ ಹೇಳುವುದು, ಗಂಡ ಕೈಯಲ್ಲಿ ತೋರಿಸುವುದು. ಹಾಗೆ ಶುರುವಾಯಿತು. ಕೆಲವು ದಿನ ಕಳೆದ ಮೇಲೆ ಮಹದೇವಮ್ಮ ಹೇಳುವುದೇ ಬೇಕಾಗಲಿಲ್ಲ, ಕೈ ಕೆಳಗೆ ಇಳಿದರೆ ಸಾಕಾಗುತ್ತಿತ್ತು.

ಮಣಿ ಪೂರ್ತಿ ಸುಮ್ಮನಾಯಿತು ಎಂದರೆ ಸುಳ್ಳಾಗುತ್ತದೆ. ಬೆಳಿಗ್ಗೆ ಒಂದಿಷ್ಟು ಬೊಗಳುತ್ತಿತ್ತು. ಆದರೆ ಮೈಮೇಲೆ ಹಾರುವುದನ್ನು ಬಿಟ್ಟಿತು. ಕುರ್ಚಿಯ ಎಡಬದಿಗೆ ಬಂದು ಕೂತು, ಆ ಕೈಗೆ ತಲೆ ಒಡ್ಡುವುದನ್ನು ಕಲಿಯಿತು. ಎಡಗೈಯಲ್ಲಿ ಕಿವಿ ಹಿಂಡುವುದನ್ನು ಬಸವರಾಜು ಕಲಿತರು. ದೀಪಾವಳಿಗೆ ನಂಜುಂಡ ಬಂದ, ನಾನೂ ಹೋಗಿದ್ದೆ. ಜಗಲಿಯ ಮೇಲೆ ಸ್ವಲ್ಪ ಹೊತ್ತು ಕೂತು ನೋಡಿದ. ಭಾವನ ಹುಬ್ಬಿನ ಗಾಯದ ಗುರುತನ್ನು ನೋಡಿದ, ನಾಯಿಯನ್ನು ನೋಡಿದ. "ಇನ್ನೊಂದ್ಸಲ ಬೀಳ್ಸುದ್ರೆ ಮಾತ್ರ ನಾನು ಯಾರ್ ಮಾತೂ ಕೇಳಕಿಲ್ಲ" ಎಂದು ಖಾಲಿ ಆಟೋ ಹೊಡೆದುಕೊಂಡು ಹೋದ. ಅದು ಬೀಳಿಸಲಿಲ್ಲ.

ಆ ದಿನ ನನ್ನನ್ನು ಗೇಟಿನವರೆಗೆ ಕಳಿಸಲು ಬಂದ ಮಹದೇವಮ್ಮ ಸ್ವಲ್ಪ ತಡೆದು ನಿಂತರು. ಏನೋ ಕೇಳಬೇಕೆಂದಿದ್ದರು. ದನಿ ತಗ್ಗಿಸಿ ಕೇಳಿದರು: "ಡಾಕ್ಟ್ರಮ್ಮ, ಇವ್ರೂ ಲೋಟ ಬಡೀತಾನೇ ಇರ್ತರ. ಓಡ್ಬಂದ್ರೆ ಏನೂ ಬ್ಯಾಡ ಅಂತ ತಲೆ ಆಡುಸ್ತರ. ಇವ್ರಿಗೂ ಇಂಗೇ ಮಾಡ್ಬೌದಾ?"

ಕೇಳಿದ ಕೂಡಲೇ ಅವರಿಗೇ ನಾಚಿಕೆಯಾಗಿ ಮುಖ ತಿರುಗಿಸಿಕೊಂಡರು.  ನಾನು ಮನುಷ್ಯರ ಡಾಕ್ಟರಲ್ಲ, ನಾಯಿಯ ಪಾಠವನ್ನು ಗಂಡ ಹೆಂಡಿರಿಗೆ ಹೇಳುವ ಅಧಿಕಾರ ನನಗಿಲ್ಲ. ಆದರೆ ಆ ಹೆಂಗಸು ಕೆಟ್ಟ ಮನಸ್ಸಿನಿಂದ ಕೇಳಿರಲಿಲ್ಲ. ಸುಸ್ತಿನಿಂದ ಕೇಳಿದ್ದರು. ಗೇಟು ಹಿಡಿದು ನಿಂತು ನಾನು ಆವರೆಗೆ ಮನೆಮನೆಗೆ ಹೇಳಿ ಬಂದದ್ದನ್ನು ನೆನಪು ಮಾಡಿಕೊಂಡೆ. ಬೆನ್ನು ತಿರುಗಿಸಿ, ನೋಡಬೇಡಿ, ಕೊಡಬೇಡಿ. ಜನ ನೆನಪಿಟ್ಟುಕೊಳ್ಳುತ್ತಿದ್ದದ್ದು ಇಷ್ಟನ್ನೇ. ಸುಮ್ಮನಿದ್ದಾಗ ಹೋಗಿ ಸವರಿ ಎಂಬ ಇನ್ನರ್ಧವನ್ನು ಅವರು ಮರೆಯುತ್ತಿದ್ದರು. ಸುಮ್ಮನಿರುವ ಪ್ರಾಣಿ ಕಣ್ಣಿಗೆ ಬೀಳುವುದೇ ಇಲ್ಲವಲ್ಲ. ಸದ್ಯ ಸುಮ್ಮನಿದೆಯಲ್ಲ ಎಂದು ನಮ್ಮ ಕೆಲಸಕ್ಕೆ ನಾವು ಹೋಗುತ್ತೇವೆ. ನಾನು ಕೂಡ ಆ ಅರ್ಧವನ್ನು ಕೊನೆಯಲ್ಲಿ, ಚಪ್ಪಲಿ ಹಾಕಿಕೊಳ್ಳುತ್ತ ಹೇಳುತ್ತಿದ್ದೆ.

"ಅವರು ಲೋಟ ಬಡಿದಾಗ ಹೋಗಬೇಡಿ ಅಂತ ನಾನು ಹೇಳಲಾರೆ. ನಿಜವಾಗಿಯೂ ಏನಾದರೂ ಬೇಕಾಗಿರಬಹುದು. ಬಡಿಯದೇ ಇದ್ದಾಗಲೂ ಒಂದಿಷ್ಟು ಹೋಗಿ ಕೂತುಕೊಳ್ಳಿ ನೋಡೋಣ" ಎಂದೆ.

ಅವರು ಗೇಟು ಹಾಕಿಕೊಂಡು ಒಳಗೆ ಹೋದರು. ಬೇಸರವಾಯಿತೇನೋ ಎಂದುಕೊಂಡೆ. ಮುಂದೆ ಮಣಿಗೆ ಲಸಿಕೆ ಹಾಕಲು ಹೋದಾಗ ಜಗಲಿಯ ಮೇಲೆ ಕುರ್ಚಿಯ ಪಕ್ಕದಲ್ಲಿ ಚಾಪೆ ಬಿದ್ದಿತ್ತು. ಮಹದೇವಮ್ಮ ಅಲ್ಲಿ ಕೂತು ಹೂ ಕಟ್ಟುತ್ತಿದ್ದರು. ಮಾರುವ ಹೂವು; ಮೊದಲು ಒಳಗೆ ಕೂತು ಕಟ್ಟುತ್ತಿದ್ದರಂತೆ, ಬೆಳಕು ಚೆನ್ನಾಗಿದೆ ಎಂದು ಹೊರಗೆ ತಂದೆ ಎಂದರು. ಬಸವರಾಜು ಹಾರದ ಒಂದು ತುದಿಯನ್ನು ಎಡಗೈಯಲ್ಲಿ ಬಿಗಿಯಾಗಿ ಹಿಡಿದುಕೊಂಡಿದ್ದರು. ಲೋಟ ಬಡಿಯುವುದು ನಿಂತಿರಲಿಲ್ಲ, ಕಡಿಮೆಯಾಗಿತ್ತು. ಈಗ ಬಡಿದರೆ ನಿಜವಾಗಿ ಏನೋ ಬೇಕು ಎಂದು ಗೊತ್ತಾಗುತ್ತದೆ ಎಂದು ಆಕೆ ಹೇಳಿದರು. ನನ್ನ ವಿಧಾನವನ್ನು ಅದಾದ ಮೇಲೆ ನಾನು ತಲೆಕೆಳಗು ಮಾಡಿಕೊಂಡೆ. ಯಾರೇ ನಾಯಿ ತರಲಿ, ಅದು ಸುಮ್ಮನಿರುವಾಗ ನೀವು ಏನು ಮಾಡುತ್ತೀರಿ ಎಂದು ಮೊದಲು ಕೇಳುತ್ತಿದ್ದೆ. 

ನಾನು ನಿವೃತ್ತಳಾದ ವರ್ಷ ಬಸವರಾಜು ತೀರಿಕೊಂಡರು. ಇನ್ನೊಮ್ಮೆ ಲಕ್ವ ಹೊಡೆದಿತ್ತು. ಹೋಗಿ ಬಂದೆ. ಮನೆ ತುಂಬ ಜನ. ಮಣಿಯನ್ನು ನಂಜುಂಡ ತನ್ನ ಆಟೋದಲ್ಲಿ ಕೂರಿಸಿಕೊಂಡು, ಅದರ ಕೊರಳಿನ ಸುತ್ತ ಕೈ ಹಾಕಿ ಕೂತಿದ್ದ.

ಎಲ್ಲ ಕಾರ್ಯ ಮುಗಿದು ನೆಂಟರು ಹೊರಟುಹೋದ ಮೇಲೆ ಒಂದು ಸಂಜೆ ಮಹದೇವಮ್ಮ ಫೋನ್ ಮಾಡಿದರು. ಮಣಿ ಮತ್ತೆ ಶುರು ಮಾಡಿದೆ ಎಂದರು. ಖಾಲಿ ಕುರ್ಚಿಯ ಮುಂದೆ ನಿಂತು ಬೊಗಳುತ್ತದೆ, ಕುರ್ಚಿಯ ಕೈಯನ್ನು ಕೆರೆಯುತ್ತದೆ. ಕುರ್ಚಿಯನ್ನು ಒಳಗಿಟ್ಟರೆ ಬಾಗಿಲನ್ನು ಕೆರೆಯುತ್ತದೆ. "ನೀವು ಏಳ್ಕೊಟ್ಟಂಗೆ ಬೆನ್ನು ತಿರುಗ್ಸಕೆ ನನ್ ಕೈಲಾಯ್ತಾ ಇಲ್ಲ ಡಾಕ್ಟ್ರಮ್ಮ" ಎಂದರು. ತಪ್ಪು ಮಾಡಿ ಸಿಕ್ಕಿಬಿದ್ದವರ ದನಿಯಲ್ಲಿ ಹೇಳಿದರು.

ಬೇಡ, ತಿರುಗಿಸಬೇಡಿ ಎಂದೆ. ಈಗ ಅದು ಕೇಳುತ್ತಿರುವುದನ್ನು ಕೇಳಲು ಬಿಡಿ. ಹೋಗಿ ಅದರ ಪಕ್ಕದಲ್ಲಿ ಕೂತುಕೊಳ್ಳಿ.



"ಕೂತ್ಕಂಡೇ ಫೋನ್ ಮಾಡ್ತಾ ಇವ್ನಿ" ಎಂದರು.